ಶಿಖರಕ್ಕೆ 700 ಅಡಿ ಬಾಕಿ

1960ರ ಮೇ 25. ಎವರೆಸ್ಟಿನ ಆಗ್ನೇಯ ಏಣಿನ ಮೇಲೆ ಮೂವರು: ನರಿಂದರ್ ಕುಮಾರ್, ಸೋನಮ್ ಗ್ಯಾತ್ಸೊ, ನವಾಂಗ್ ಗೊಂಬು. ಬ್ರಿಗೇಡಿಯರ್ ಗ್ಯಾನ್ ಸಿಂಗ್ ನೇತೃತ್ವದ ಭಾರತದ ಮೊದಲ ಎವರೆಸ್ಟ್ ತಂಡದವರು. ಸುಮಾರು 28,300 ಅಡಿ ಏರಿಯಾಗಿತ್ತು. ಉಳಿದದ್ದು 700 ಅಡಿ. ಹವೆ ಕೆಟ್ಟಿತು. ಮೂವರೂ ಇಳಿದುಬಂದರು.

ಅಷ್ಟು ಹತ್ತಿರ ಹೋಗಿ ಮರಳುವುದು ಆ ಬೆಟ್ಟಕ್ಕೆ ಹೊಸದಲ್ಲ. 1953ರ ಮೇ 26ರಂದು ಟಾಮ್ ಬೋರ್ಡಿಲನ್ ಮತ್ತು ಚಾರ್ಲ್ಸ್ ಇವಾನ್ಸ್ ದಕ್ಷಿಣ ಶಿಖರ ಮುಟ್ಟಿದಾಗ ಮಧ್ಯಾಹ್ನ ಒಂದು ಗಂಟೆ. ಮುಖ್ಯ ಶಿಖರ ಕಣ್ಣೆದುರೇ, ಸುಮಾರು 300 ಅಡಿ ಮೇಲೆ. ಆದರೆ ಇವಾನ್ಸರ ಆಮ್ಲಜನಕದ ಉಪಕರಣ ಕಾಟ ಕೊಡುತ್ತಿತ್ತು. ಹೋಗಿಬರಲು ಬೇಕಾದ ಹೊತ್ತಿಗೂ ಸಿಲಿಂಡರಿನಲ್ಲಿ ಉಳಿದದ್ದಕ್ಕೂ ತಾಳೆಯಾಗಲಿಲ್ಲ. ಮೂರು ದಿನಗಳ ನಂತರ ಶಿಖರವೇರಿದ ತೇನ್ಸಿಂಗ್ ಮತ್ತು ಹಿಲರಿಗೆ ಇಳಿಯುವಾಗ ಒದಗಿದ್ದು, ಈ ಜೋಡಿ ದಾರಿಯಲ್ಲಿ ಬಿಟ್ಟುಬಂದಿದ್ದ ಸಿಲಿಂಡರುಗಳೇ.

1962ರಲ್ಲಿ ಭಾರತ ಮತ್ತೆ ಹೊರಟಿತು, ಮೇಜರ್ ಜಾನ್ ಡಯಾಸ್ ಮುಂದಾಳು. ಈ ಬಾರಿ ಗ್ಯಾತ್ಸೊ, ಹರಿ ದಾಂಗ್, ಮೋಹನ್ ಕೊಹ್ಲಿ ಸುಮಾರು 28,600 ಅಡಿಯವರೆಗೆ ಹೋಗಿ ಹಿಂದಿರುಗಿದರು. 1965ರಲ್ಲಿ ಅದೇ ಕೊಹ್ಲಿಯವರ ತಂಡದ ಒಂಬತ್ತು ಮಂದಿ ಶಿಖರವೇರಿದರು. ಹಿಂದೆ ಮರಳಿದ್ದ ಗೊಂಬು, ಗ್ಯಾತ್ಸೊ ಇಬ್ಬರೂ ಅವರಲ್ಲಿದ್ದರು.

ಆ ಎತ್ತರದಲ್ಲಿ ಒಂದು ಉಸಿರಿಗೆ ಸಿಗುವ ಆಮ್ಲಜನಕ ಸಮುದ್ರಮಟ್ಟದ ಮೂರನೇ ಒಂದು ಪಾಲು. ಮೊದಲು ಮಂಕಾಗುವುದು ಬುದ್ಧಿಯೇ. ಹಾಗಾಗಿ ತಿರುಗುವ ಗಂಟೆಯನ್ನು ಕೆಳಗಿರುವಾಗಲೇ ಗೊತ್ತುಮಾಡುವ ರೂಢಿ ಬಲಿಯಿತು. ಹಣ ಪಡೆದು ಶಿಖರಕ್ಕೆ ಕರೆದೊಯ್ಯುವ ತಂಡಗಳು ಹೆಚ್ಚಿದ 1990ರ ದಶಕದಲ್ಲಿ ಅದರ ಅಗತ್ಯವೂ ಹೆಚ್ಚಿತು: 65,000 ಡಾಲರ್ ಕೊಟ್ಟು ಬಂದವರಿಗೆ ‘ಸಾಕು, ಇಳಿಯಿರಿ’ ಎನ್ನುವುದು ಸುಲಭವಲ್ಲ.

1996ರ ಮೇ 10ರಂದು ಈ ರೂಢಿ ಮುರಿಯಿತು. ಟಿಬೆಟ್ ಕಡೆಯಿಂದ ಹತ್ತುತ್ತಿದ್ದ ಭಾರತ-ಟಿಬೆಟ್ ಗಡಿ ಪೊಲೀಸ್ ಪಡೆಯ ಆರು ಮಂದಿಯಲ್ಲಿ ಮೂವರು ಬಿರುಗಾಳಿ ಕಂಡು ಇಳಿದರು, ಮುಂದುವರಿದ ಮೂವರು ಬರಲಿಲ್ಲ. ನೇಪಾಳದ ಕಡೆ, ಒಂದು ಗಂಟೆ, ಹೆಚ್ಚೆಂದರೆ ಎರಡು ಗಂಟೆಗೆ ತಿರುಗಬೇಕೆಂದು ಹೇಳಿದ್ದ ಗೈಡ್ ರಾಬ್ ಹಾಲ್, ತಮ್ಮ ತಂಡದ ಡಗ್ ಹಾನ್ಸನ್‌ಗಾಗಿ ನಾಲ್ಕು ಗಂಟೆ ದಾಟುವವರೆಗೂ ಮೇಲೆ ಕಾದರು. ಇಬ್ಬರೂ ಬದುಕಿ ಬರಲಿಲ್ಲ. ಹಿಂದಿನ ವರ್ಷ ಶಿಖರದ ಸಮೀಪದಿಂದಲೇ ಹಾನ್ಸನ್‌ರನ್ನು ತಿರುಗಿಸಿ ಕರೆತಂದವರು ಇದೇ ಹಾಲ್.