ಕಾರಿನ ಶಾಕ್ ಅಬ್ಸಾರ್ಬರ್, ಸ್ಟ್ರಟ್ ಬೇರಿಂಗ್ ಬದಲಾವಣೆ: ಮನೆಯಲ್ಲಿ ಮಾಡಬಹುದಾದದ್ದು, ಮಾಡಬಾರದ್ದು

ರಸ್ತೆಯ ಹೊಂಡಗಳಿಗೂ ಅವೈಜ್ಞಾನಿಕ ಉಬ್ಬುಗಳಿಗೂ ಮೊದಲು ಬಲಿಯಾಗುವ ಕಾರಿನ ಭಾಗಗಳಲ್ಲಿ ಶಾಕ್ ಅಬ್ಸಾರ್ಬರ್ ಪ್ರಮುಖವಾದುದು. ಎಂಜಿನ್ ಕೆಟ್ಟರೆ ಕಾರು ನಿಂತುಬಿಡುತ್ತದೆ. ಶಾಕ್ ಅಬ್ಸಾರ್ಬರ್ ಸವೆದರೆ ಹಾಗಾಗುವುದಿಲ್ಲ, ಕಾರು ಓಡುತ್ತಲೇ ಇರುತ್ತದೆ. ಆ ಕಾರಣದಿಂದಲೇ ಅದರ ದುರಸ್ತಿ ತಿಂಗಳುಗಟ್ಟಲೆ ಮುಂದಕ್ಕೆ ಹೋಗುತ್ತದೆ. ಸ್ಪ್ಯಾನರ್ ಹಿಡಿದು ಅಭ್ಯಾಸವಿರುವವರು ಈ ಭಾಗವನ್ನೂ ಅದರ ಮೇಲಿರುವ ಸ್ಟ್ರಟ್ ಬೇರಿಂಗನ್ನೂ ಮನೆಯಂಗಳದಲ್ಲೇ ಬದಲಾಯಿಸಬಹುದು. ಆದರೆ ಈ ಕೆಲಸದ ಒಂದು ಹಂತ, ಅಂದರೆ ಸ್ಪ್ರಿಂಗನ್ನು ಅದುಮಿ ಬಿಚ್ಚುವುದು, ಪ್ರಾಣಕ್ಕೇ ಅಪಾಯ ತರಬಲ್ಲದು. ಆ ಹಂತವನ್ನು ಯಾರು ಮಾಡಬೇಕು ಎಂಬುದನ್ನು ಮೊದಲೇ ತೀರ್ಮಾನಿಸಿಕೊಂಡು ಕೆಲಸಕ್ಕೆ ಇಳಿಯುವುದು ಲೇಸು.

ಕಾರ್ಯವಿಧಾನ

ಕಾರಿನ ಭಾರವನ್ನು ಹೊರುವುದು ಶಾಕ್ ಅಬ್ಸಾರ್ಬರ್ ಎಂಬುದು ಸಾಮಾನ್ಯ ತಪ್ಪು ಕಲ್ಪನೆ. ಭಾರ ಹೊರುವುದು ಸ್ಪ್ರಿಂಗ್. ಒಮ್ಮೆ ಕುಗ್ಗಿದ ಸ್ಪ್ರಿಂಗ್ ತಾನಾಗಿ ಬಹಳ ಹೊತ್ತು ಮೇಲೆ ಕೆಳಗೆ ಆಡುತ್ತಿರುತ್ತದೆ. ಆ ಓಲಾಟವನ್ನು ತಡೆಯುವುದೇ ಶಾಕ್ ಅಬ್ಸಾರ್ಬರ್‌ನ ಕೆಲಸ. ಅದರ ಕೊಳವೆಯೊಳಗೆ ಎಣ್ಣೆ ತುಂಬಿರುತ್ತದೆ. ಚಕ್ರ ಏರಿಳಿದಂತೆ ಒಳಗಿನ ಪಿಸ್ಟನ್ ಆ ಎಣ್ಣೆಯನ್ನು ಸಣ್ಣ ರಂಧ್ರಗಳ ಮೂಲಕ ನೂಕುತ್ತದೆ. ಚಲನೆಯ ಶಕ್ತಿ ಶಾಖವಾಗಿ ಹೊರಹೋಗಿ, ಓಲಾಟ ಬೇಗನೆ ಅಡಗುತ್ತದೆ. ಎಣ್ಣೆಯಲ್ಲಿ ನೊರೆ ಏಳದಿರಲೆಂದು ಹಲವು ಮಾದರಿಗಳಲ್ಲಿ ನೈಟ್ರೋಜನ್ ಅನಿಲವನ್ನೂ ತುಂಬಿರುತ್ತಾರೆ.

ಇಂದಿನ ಬಹುತೇಕ ಸಣ್ಣ ಕಾರುಗಳ ಮುಂಭಾಗದಲ್ಲಿ ಸ್ಪ್ರಿಂಗ್ ಮತ್ತು ಶಾಕ್ ಅಬ್ಸಾರ್ಬರ್ ಒಂದೇ ಕಂಬವಾಗಿ ಕೂಡಿಕೊಂಡಿರುತ್ತವೆ. ಅಮೆರಿಕದ ಎಂಜಿನಿಯರ್ ಅರ್ಲ್ ಮ್ಯಾಕ್‌ಫರ್ಸನ್ ರೂಪಿಸಿದ ಈ ವ್ಯವಸ್ಥೆಗೆ ಮ್ಯಾಕ್‌ಫರ್ಸನ್ ಸ್ಟ್ರಟ್ ಎಂದೇ ಹೆಸರು. 1950ರ ದಶಕದ ಆರಂಭದಲ್ಲಿ ಬ್ರಿಟನ್‌ನ ಫೋರ್ಡ್ ಕಂಪನಿಯ ಕಾನ್ಸಲ್ ಮತ್ತು ಜೆಫಿರ್ ಕಾರುಗಳ ಮೂಲಕ ಅದು ಜನಬಳಕೆಗೆ ಬಂದಿತು. ಭಾರತದಲ್ಲಿ 1983ರ ಡಿಸೆಂಬರ್‌ನಲ್ಲಿ ರಸ್ತೆಗಿಳಿದ ಮಾರುತಿ 800 ಕಾರಿನ ಮುಂಭಾಗದಲ್ಲೂ ಇದೇ ವ್ಯವಸ್ಥೆ ಇತ್ತು.

ಸ್ಟೀರಿಂಗ್ ತಿರುಗಿಸಿದಾಗ ಚಕ್ರದೊಂದಿಗೆ ಇಡೀ ಸ್ಟ್ರಟ್ ತಿರುಗಬೇಕು. ಅದರ ತುದಿಯಾದರೋ ಕಾರಿನ ದೇಹಕ್ಕೆ ಬಿಗಿಯಾಗಿರುತ್ತದೆ. ಇವೆರಡರ ನಡುವೆ ಕುಳಿತು, ಭಾರ ಹೊತ್ತೇ ತಿರುಗಲು ಅವಕಾಶ ಮಾಡಿಕೊಡುವ ಉಂಗುರಾಕಾರದ ಭಾಗವೇ ಸ್ಟ್ರಟ್ ಬೇರಿಂಗ್.

ಸವೆದುದರ ಲಕ್ಷಣಗಳು

ಶಾಕ್ ಅಬ್ಸಾರ್ಬರ್ ಇಷ್ಟೇ ಕಿಲೋಮೀಟರ್ ಬಾಳುತ್ತದೆ ಎಂಬ ಕಟ್ಟುನಿಟ್ಟಿನ ಲೆಕ್ಕವಿಲ್ಲ. ಹೆದ್ದಾರಿಯಲ್ಲಿ ಓಡುವ ಕಾರಿಗೂ ಮಲೆನಾಡಿನ ತೋಟದ ರಸ್ತೆಯಲ್ಲಿ ಓಡುವ ಕಾರಿಗೂ ಬಹಳ ವ್ಯತ್ಯಾಸವಿದೆ. 40,000 ಕಿ.ಮೀ. ದಾಟಿದ ಬಳಿಕ ಪ್ರತಿ ಸರ್ವಿಸ್‌ನಲ್ಲೂ ಈ ಕೆಳಗಿನ ಅಂಶಗಳನ್ನು ಪರಿಶೀಲಿಸುವುದು ಒಳ್ಳೆಯದು.

* ಕೊಳವೆಯ ಹೊರಮೈ ಮೇಲೆ ಎಣ್ಣೆ ಇಳಿದಿರುವುದು. ಸೀಲಿನ ಬಳಿ ತೆಳುವಾಗಿ ಜಿಡ್ಡು ಕಂಡರೆ ಆತಂಕ ಬೇಡ. ಎಣ್ಣೆ ಹರಿದು ಧೂಳು ಮೆತ್ತಿಕೊಂಡಿದ್ದರೆ ಅದರ ಆಯುಷ್ಯ ಮುಗಿದಂತೆ.
* ಬ್ರೇಕ್ ಹಾಕಿದಾಗ ಕಾರಿನ ಮೂತಿ ಅತಿಯಾಗಿ ಬಾಗುವುದು, ತಿರುವಿನಲ್ಲಿ ದೇಹ ಓಲಾಡುವುದು.
* ಟೈರಿನ ಮೈ ಒಂದೇ ಸಮನಾಗಿ ಸವೆಯದೆ ಅಲ್ಲಲ್ಲಿ ತಗ್ಗುಬಿದ್ದಿರುವುದು.
* ಕಾರಿನ ಮೂಲೆಯನ್ನು ಬಲವಾಗಿ ಅದುಮಿ ಬಿಟ್ಟಾಗ ಒಂದೆರಡು ಸಲಕ್ಕಿಂತ ಹೆಚ್ಚು ಕುಣಿಯುವುದು. ಕುಣಿಯದಿದ್ದ ಮಾತ್ರಕ್ಕೆ ಎಲ್ಲವೂ ಸರಿಯಿದೆ ಎಂದೇನಲ್ಲ.

ಸವೆದ ಶಾಕ್ ಅಬ್ಸಾರ್ಬರ್‌ನಿಂದ ಟೈರು ರಸ್ತೆಯನ್ನು ಸದಾ ಹಿಡಿದಿರದೆ ಪುಟಿಯುತ್ತದೆ. ಪುಟಿದ ಟೈರಿಗೆ ಬ್ರೇಕ್ ಹಿಡಿಯುವುದಿಲ್ಲ. ಆದಕಾರಣ ಕಾರು ನಿಲ್ಲಲು ಹೆಚ್ಚು ದೂರ ಬೇಕಾಗುತ್ತದೆ. ಇದು ಪ್ರಯಾಣದ ಸುಖಕ್ಕಿಂತ ಹೆಚ್ಚಾಗಿ ಸುರಕ್ಷತೆಯ ಪ್ರಶ್ನೆ.

ಬೇರಿಂಗ್ ಕೆಟ್ಟರೆ ಲಕ್ಷಣಗಳು ಬೇರೆ. ನಿಂತ ಕಾರಿನ ಸ್ಟೀರಿಂಗ್ ತಿರುಗಿಸುವಾಗ ಕಟಕಟ ಅಥವಾ ಟಣ್ ಎಂಬ ಸದ್ದು ಬರುತ್ತದೆ. ಸ್ಟೀರಿಂಗ್ ಬಿಗಿಯಾಗುತ್ತದೆ, ತಿರುವು ದಾಟಿದ ಮೇಲೆ ತಾನಾಗಿ ನೇರಕ್ಕೆ ಬರುವುದಿಲ್ಲ. ಪರೀಕ್ಷೆ ಸುಲಭ. ಹ್ಯಾಂಡ್ ಬ್ರೇಕ್ ಹಾಕಿ, ಗೇರನ್ನು ನ್ಯೂಟ್ರಲ್‌ನಲ್ಲಿ ಇರಿಸಿ ಒಬ್ಬರು ಸ್ಟೀರಿಂಗ್ ತಿರುಗಿಸಬೇಕು, ಇನ್ನೊಬ್ಬರು ಸ್ಪ್ರಿಂಗಿನ ಹೊರಮೈ ಮೇಲೆ ಅಂಗೈ ಇಡಬೇಕು. ಬೆರಳುಗಳು ಸುರುಳಿಗಳ ನಡುವೆ ಹೋಗಕೂಡದು. ಸ್ಪ್ರಿಂಗ್ ನಯವಾಗಿ ತಿರುಗದೆ ತಡೆದು ತಡೆದು ಜಿಗಿದರೆ ಬೇರಿಂಗ್ ಹೋಗಿದೆ ಎಂದು ತಿಳಿಯಬಹುದು. ಸ್ಟೆಬಿಲೈಸರ್ ಲಿಂಕ್, ಲೋವರ್ ಆರ್ಮ್ ಬುಷ್ ಮತ್ತು ಬಾಲ್ ಜಾಯಿಂಟ್ ಸಡಿಲವಾದರೂ ಸದ್ದು ಬರುವುದರಿಂದ ಅವನ್ನೂ ನೋಡಿಯೇ ಸಾಮಾನು ಕೊಳ್ಳುವುದು ಉಚಿತ.

ಜೋಡಿಯಾಗಿ ಬದಲಾವಣೆ

ಒಂದೇ ಬದಿಯ ಶಾಕ್ ಅಬ್ಸಾರ್ಬರ್ ಕೆಟ್ಟಿದ್ದರೂ ಎಡಬಲ ಎರಡನ್ನೂ ಬದಲಾಯಿಸಬೇಕು. ಒಂದು ಹೊಸತು, ಇನ್ನೊಂದು ಹಳತಾದರೆ ಜೋರಾಗಿ ಬ್ರೇಕ್ ಹಾಕಿದಾಗ ಎರಡೂ ಬದಿಯ ಹಿಡಿತ ಒಂದೇ ಸಮನಾಗಿರುವುದಿಲ್ಲ. ಬೇರಿಂಗ್, ಮೇಲಿನ ರಬ್ಬರ್ ಮೌಂಟ್, ಬಂಪ್ ಸ್ಟಾಪ್ ಮತ್ತು ಡಸ್ಟ್ ಕವರನ್ನೂ ಇದೇ ಸಂದರ್ಭದಲ್ಲಿ ಹೊಸದು ಹಾಕುವುದು ಜಾಣತನ. ಇವುಗಳ ಬೆಲೆ ಶಾಕ್ ಅಬ್ಸಾರ್ಬರ್‌ನ ಬೆಲೆಗಿಂತ ಕಡಿಮೆ. ಆಮೇಲೆ ಬೇರಿಂಗ್ ಒಂದನ್ನೇ ಬದಲಾಯಿಸಬೇಕಾಗಿ ಬಂದರೆ ಅಷ್ಟೂ ಕೆಲಸವನ್ನು ಪುನಃ ಮಾಡಬೇಕಾಗುತ್ತದೆ.

ಬೆಂಗಳೂರಿನ ಜೆ.ಸಿ. ರಸ್ತೆಯಂತಹ ಬಿಡಿಭಾಗಗಳ ಮಾರುಕಟ್ಟೆಯಲ್ಲಿ ಕೊಳ್ಳುವವರು ಕಾರಿನ ಮಾದರಿ, ತಯಾರಾದ ವರ್ಷ ಮತ್ತು ಚಾಸಿಸ್ ಸಂಖ್ಯೆಯನ್ನು ಬರೆದುಕೊಂಡು ಹೋಗಬೇಕು. ಎಡ ಮತ್ತು ಬಲ ಸ್ಟ್ರಟ್‌ಗಳು ಸಾಮಾನ್ಯವಾಗಿ ಬೇರೆ ಬೇರೆಯಾಗಿರುತ್ತವೆ. ಹಳೆಯದಕ್ಕೆ ರಂಧ್ರ ಕೊರೆದು, ಎಣ್ಣೆ ತುಂಬಿ, ಬಣ್ಣ ಬಳಿದು ಮಾರುವ ಸರಕನ್ನು ನಂಬುವಂತಿಲ್ಲ. ಬಿಲ್ ಪಡೆಯುವುದನ್ನು ಮರೆಯಬಾರದು.

ಸ್ಪ್ರಿಂಗಿನೊಳಗಿನ ಬಲ

ಸುಮಾರು 850 ಕಿಲೋ ತೂಕದ ಸಣ್ಣ ಕಾರನ್ನು ತೆಗೆದುಕೊಳ್ಳೋಣ. ಎಂಜಿನ್ ಮುಂದಿರುವುದರಿಂದ ಹೆಚ್ಚುಕಡಿಮೆ ಶೇ. 60ರಷ್ಟು ಭಾರ ಮುಂದಿನ ಎರಡು ಚಕ್ರಗಳ ಮೇಲೆ ಬೀಳುತ್ತದೆ. ಅಂದರೆ ಒಂದೊಂದು ಚಕ್ರದ ಪಾಲು ಸುಮಾರು 250 ಕಿಲೋ. ಕಾರನ್ನು ಜಾಕ್ ಮೇಲೆತ್ತಿದರೂ ಸ್ಪ್ರಿಂಗ್ ಪೂರ್ತಿ ಸಡಿಲವಾಗುವುದಿಲ್ಲ, ಸ್ಟ್ರಟ್‌ನ ಎರಡು ತಟ್ಟೆಗಳ ನಡುವೆ ಅದುಮಿಕೊಂಡೇ ಇರುತ್ತದೆ. ಅದನ್ನು ಹಿಡಿದಿಟ್ಟಿರುವುದು ತುದಿಯಲ್ಲಿರುವ ನಡುವಿನ ನಟ್ ಒಂದೇ. ಸ್ಪ್ರಿಂಗನ್ನು ಕಂಪ್ರೆಸರ್‌ನಿಂದ ಅದುಮದೆ ಆ ನಟ್ ಬಿಚ್ಚಿದರೆ ಮೌಂಟ್ ಮತ್ತು ತಟ್ಟೆ ಗುಂಡಿನಂತೆ ಸಿಡಿಯುತ್ತವೆ. ಎದುರಿಗಿದ್ದವರ ಮುಖ, ಕೈ ಉಳಿಯುವುದು ಕಷ್ಟ.

ಹಗ್ಗ, ತಂತಿ, ಸರಪಳಿಗಳಿಂದ ಸ್ಪ್ರಿಂಗ್ ಕಟ್ಟುವ ಪ್ರಯತ್ನ ಸರ್ವಥಾ ಸಲ್ಲದು. ಒಳ್ಳೆಯ ಕಂಪ್ರೆಸರ್ ಇಲ್ಲದವರಿಗೆ ಸುರಕ್ಷಿತ ಮಾರ್ಗವೊಂದಿದೆ. ಸ್ಟ್ರಟನ್ನು ಇಡಿಯಾಗಿ ಮನೆಯಲ್ಲಿ ಬಿಚ್ಚಿ, ಸ್ಪ್ರಿಂಗ್ ಅದುಮುವ ಯಂತ್ರವಿರುವ ವರ್ಕ್‌ಶಾಪಿಗೆ ಕೊಂಡೊಯ್ದು, ಹೊಸ ಭಾಗಗಳನ್ನು ಜೋಡಿಸಿಕೊಂಡು ಬಂದು, ಮನೆಯಲ್ಲೇ ಮರಳಿ ಕೂರಿಸಬಹುದು. ಕೂಲಿಯ ಬಹುಪಾಲು ಹೀಗೂ ಉಳಿಯುತ್ತದೆ.

ಸ್ಟ್ರಟ್ ಬಿಚ್ಚುವ ಕ್ರಮ

ಸಮತಟ್ಟಾದ, ಗಟ್ಟಿ ನೆಲ ಬೇಕು. ಹಿಂದಿನ ದಿನವೇ ಬೋಲ್ಟುಗಳಿಗೆ ತುಕ್ಕು ಸಡಿಲಿಸುವ ಎಣ್ಣೆ ಸಿಂಪಡಿಸಿದರೆ ಕೆಲಸ ಹಗುರ. ಸಾಕೆಟ್ ಮತ್ತು ರಿಂಗ್ ಸ್ಪ್ಯಾನರ್‌ಗಳು, ಅಲೆನ್ ಕೀ, ಜಾಕ್, ಎರಡು ಜಾಕ್ ಸ್ಟ್ಯಾಂಡ್, ಟಾರ್ಕ್ ರೆಂಚ್ ಮತ್ತು ಕಾರಿನ ಸರ್ವಿಸ್ ಮ್ಯಾನ್ಯುಅಲ್ ಕೈಗೆಟುಕುವಂತಿರಬೇಕು.

1. ಹ್ಯಾಂಡ್ ಬ್ರೇಕ್ ಹಾಕಿ, ಹಿಂದಿನ ಚಕ್ರಗಳಿಗೆ ಅಡ್ಡಗಲ್ಲು ಇಡಬೇಕು. ಕಾರು ನೆಲದ ಮೇಲಿರುವಾಗಲೇ ಚಕ್ರದ ನಟ್‌ಗಳನ್ನು ಸ್ವಲ್ಪ ಸಡಿಲಿಸಬೇಕು.

2. ಕಾರನ್ನು ಎತ್ತಿ ಕೂಡಲೇ ಸ್ಟ್ಯಾಂಡ್ ಮೇಲೆ ಕೂರಿಸಬೇಕು. ಬರೀ ಜಾಕ್ ನಂಬಿ ಕೆಲಸ ಮಾಡುವುದು, ಇಟ್ಟಿಗೆ ಜೋಡಿಸುವುದು ಅಪಾಯ. ಕಳಚಿದ ಚಕ್ರವನ್ನು ಕಾರಿನಡಿ ಮಲಗಿಸಿಟ್ಟರೆ ಹೆಚ್ಚಿನ ರಕ್ಷಣೆ.

3. ಸ್ಟ್ರಟ್‌ಗೆ ಅಂಟಿಕೊಂಡ ಬ್ರೇಕ್ ಹೋಸ್‌ನ ಕ್ಲಿಪ್, ಎಬಿಎಸ್ ಸೆನ್ಸರ್‌ನ ತಂತಿ ಮತ್ತು ಸ್ಟೆಬಿಲೈಸರ್ ಲಿಂಕನ್ನು ಬಿಡಿಸಬೇಕು. 2019ರ ಏಪ್ರಿಲ್‌ನಿಂದ ದೇಶದ ಹೊಸ ಕಾರುಗಳಿಗೆ ಎಬಿಎಸ್ ಕಡ್ಡಾಯವಾಗಿರುವುದರಿಂದ ಈ ತಂತಿಯ ಬಗ್ಗೆ ಎಚ್ಚರ ಅಗತ್ಯ.

4. ಸ್ಟ್ರಟ್ ಮತ್ತು ನಕಲ್ ಸೇರುವ ಜಾಗದಲ್ಲಿ ಬೋಲ್ಟುಗಳ ಸ್ಥಾನವನ್ನು ಬಣ್ಣದಿಂದ ಗುರುತಿಸಬೇಕು. ಲೋವರ್ ಆರ್ಮ್ ಕೆಳಗೆ ಜಾಕ್ ಆಸರೆ ಕೊಟ್ಟು ಅಲ್ಲಿನ ಎರಡು ಬೋಲ್ಟುಗಳನ್ನು ತೆಗೆಯಬೇಕು.

5. ಬೋಲ್ಟು ತೆಗೆದೊಡನೆ ನಕಲ್ ಹೊರಕ್ಕೆ ವಾಲುತ್ತದೆ. ಅದನ್ನು ತಂತಿಯಿಂದ ಕಟ್ಟಿ ನಿಲ್ಲಿಸದಿದ್ದರೆ ಬ್ರೇಕ್ ಹೋಸ್ ಜಗ್ಗುತ್ತದೆ, ಡ್ರೈವ್ ಶಾಫ್ಟ್‌ನ ಒಳಗಿನ ಜಾಯಿಂಟ್ ಕಳಚಿಕೊಳ್ಳಲೂಬಹುದು.

6. ಕೊನೆಗೆ ಬಾನೆಟ್ ತೆರೆದು, ಒಂದು ಕೈಯಿಂದ ಸ್ಟ್ರಟ್ ಹಿಡಿದುಕೊಂಡು, ಮೇಲಿನ 2 ಅಥವಾ 3 ಸುತ್ತುನಟ್‌ಗಳನ್ನು ಬಿಚ್ಚಿ ಸ್ಟ್ರಟನ್ನು ಕೆಳಕ್ಕೆ ಇಳಿಸಬೇಕು. ನಡುವಿನ ದೊಡ್ಡ ನಟ್ ಮುಟ್ಟಕೂಡದು. ಕೆಲವು ಕಾರುಗಳಲ್ಲಿ ಮೇಲ್ಗಡೆ ಜೋಡಣೆಯ ಕ್ರಮವೇ ಬೇರೆಯಾಗಿರುತ್ತದೆ. ಯಾವ ನಟ್ ಏನನ್ನು ಹಿಡಿದಿದೆ ಎಂಬುದನ್ನು ಮ್ಯಾನ್ಯುಅಲ್ ನೋಡಿ ಖಚಿತಪಡಿಸಿಕೊಳ್ಳದೆ ಸ್ಪ್ಯಾನರ್ ಹಾಕಬಾರದು.

ಬೇರಿಂಗ್ ಜೋಡಣೆ

ಕಂಪ್ರೆಸರ್‌ನ ಎರಡು ಕೊಕ್ಕೆಗಳನ್ನು ಸ್ಪ್ರಿಂಗಿನ ಎದುರುಬದಿರು ಬದಿಗಳಲ್ಲಿ ಸಿಕ್ಕಿಸಿ, ಒಂದೊಂದನ್ನೂ ಸರದಿಯಂತೆ ಕೆಲವೇ ಸುತ್ತು ಬಿಗಿಯುತ್ತ ಬರಬೇಕು. ಸ್ಪ್ರಿಂಗ್ ತಟ್ಟೆಯಿಂದ ಬಿಟ್ಟುಕೊಂಡು ಕೈಗೆ ಸಡಿಲವಾಗಿ ಸಿಕ್ಕಿದ ಮೇಲಷ್ಟೇ ನಡುವಿನ ನಟ್ ತೆಗೆಯಬೇಕು. ಸ್ಟ್ರಟ್‌ನ ತುದಿ ಯಾರ ಕಡೆಗೂ ಮುಖ ಮಾಡಿರಬಾರದು. ನಟ್ ಜೊತೆಗೆ ದಂಡವೂ ತಿರುಗಿದರೆ ಅದರ ತುದಿಯನ್ನು ಅಲೆನ್ ಕೀಯಿಂದ ಹಿಡಿಯಬೇಕು. ಹೊಳೆಯುವ ದಂಡವನ್ನು ಇಕ್ಕಳದಿಂದ ಹಿಡಿದರೆ ಗೀರು ಬಿದ್ದು, ಆ ಗೀರೇ ಎಣ್ಣೆ ಸೀಲನ್ನು ಹರಿಯುತ್ತದೆ.

ಬಿಚ್ಚುವಾಗ ಭಾಗಗಳನ್ನು ಬಂದ ಕ್ರಮದಲ್ಲೇ ಸಾಲಾಗಿ ಇಡುವುದು ಉತ್ತಮ. ಮೇಲಿನಿಂದ ಕೆಳಕ್ಕೆ ನಟ್, ವಾಷರ್, ರಬ್ಬರ್ ಮೌಂಟ್, ಬೇರಿಂಗ್, ಸ್ಪ್ರಿಂಗಿನ ಮೇಲ್ತಟ್ಟೆ, ಸ್ಪ್ರಿಂಗ್, ಬಂಪ್ ಸ್ಟಾಪ್ ಮತ್ತು ಡಸ್ಟ್ ಕವರ್ ಎಂಬುದು ಸಾಮಾನ್ಯ ಕ್ರಮ. ಬೇರಿಂಗಿಗೆ ಮೇಲ್ಮುಖ, ಕೆಳಮುಖ ಎಂದಿರುತ್ತದೆ. ತಲೆಕೆಳಗಾಗಿ ಕೂತರೆ ಹೊಸ ಬೇರಿಂಗ್ ಬೇಗನೆ ಹಾಳಾಗುತ್ತದೆ.

ಹೊಸ ಶಾಕ್ ಅಬ್ಸಾರ್ಬರನ್ನು ನೇರವಾಗಿ ನಿಲ್ಲಿಸಿ, ದಂಡವನ್ನು ನಾಲ್ಕೈದು ಬಾರಿ ಪೂರ್ತಿ ಮೇಲೆ ಕೆಳಗೆ ಆಡಿಸಬೇಕು. ಮಲಗಿಸಿಟ್ಟಿದ್ದಾಗ ಒಳಗೆ ಸೇರಿದ ಗಾಳಿ ಇದರಿಂದ ತನ್ನ ಜಾಗಕ್ಕೆ ಹೋಗುತ್ತದೆ. ಸ್ಪ್ರಿಂಗಿನ ಕೆಳತುದಿ ತಟ್ಟೆಯ ಮೆಟ್ಟಿಲಿಗೆ ತಾಗಿ ಕೂತಿರಬೇಕು. ನಡುವಿನ ನಟ್ ಬಿಗಿದ ಬಳಿಕ ಕಂಪ್ರೆಸರನ್ನು ಮತ್ತೆ ಸರದಿಯಂತೆ ನಿಧಾನವಾಗಿ ಸಡಿಲಿಸಬೇಕು.

ಮರುಜೋಡಣೆಗೆ ಬಿಚ್ಚಿದ ಕ್ರಮದ ವಿಲೋಮ ಕ್ರಮ ಸಾಕು. ತಾನಾಗಿ ಸಡಿಲವಾಗದ ಬಗೆಯ ನಟ್‌ಗಳನ್ನು ಹೊಸತಾಗಿಯೇ ಹಾಕಬೇಕು. ಪ್ರತಿಯೊಂದು ಬೋಲ್ಟನ್ನೂ ಮ್ಯಾನ್ಯುಅಲ್ ಸೂಚಿಸಿದ ಟಾರ್ಕ್‌ಗೆ ಬಿಗಿಯಬೇಕು. ಕೈಯಂದಾಜು ಇಲ್ಲಿ ಸಾಲದು.

ಹಿಂದಿನ ಚಕ್ರಗಳು

ಹಲವು ಸಣ್ಣ ಕಾರುಗಳ ಹಿಂಭಾಗದಲ್ಲಿ ಸ್ಪ್ರಿಂಗ್ ಬೇರೆ, ಶಾಕ್ ಅಬ್ಸಾರ್ಬರ್ ಬೇರೆ. ಅಲ್ಲಿ ಕಂಪ್ರೆಸರ್ ಬೇಕಿಲ್ಲ. ಹೊಸದಾಗಿ ಕೆಲಸ ಕಲಿಯುವವರು ಇಲ್ಲಿಂದ ಆರಂಭಿಸಬಹುದು. ಕಾರಿನ ದೇಹ ಸ್ಟ್ಯಾಂಡ್ ಮೇಲಿರಲಿ, ಆ್ಯಕ್ಸಲ್ ಕೆಳಗೆ ಜಾಕ್ ಆಸರೆ ಇರಲಿ. ಒಂದು ಬದಿ ಮುಗಿಸಿಯೇ ಇನ್ನೊಂದು ಬದಿಗೆ ಹೋಗಬೇಕು. ಎರಡನ್ನೂ ಒಟ್ಟಿಗೆ ಬಿಚ್ಚಿದರೆ ಆ್ಯಕ್ಸಲ್ ಕುಸಿದು ಸ್ಪ್ರಿಂಗ್ ಜಾರಬಹುದು. ರಬ್ಬರ್ ಬುಷ್ ಇರುವ ಬೋಲ್ಟನ್ನು ಕಾರಿನ ಭಾರ ಚಕ್ರಗಳ ಮೇಲೆ ಬಿದ್ದ ನಂತರವೇ ಪೂರ್ಣ ಬಿಗಿಯಬೇಕು. ಇಲ್ಲವಾದರೆ ರಬ್ಬರ್ ತಿರುಚಿಕೊಂಡೇ ಉಳಿದು ಬೇಗ ಹರಿಯುತ್ತದೆ.

ಕೆಲಸ ಮುಗಿದ ಮೇಲೆ

ಮೊದಲು ನಿಂತಲ್ಲೇ ಸ್ಟೀರಿಂಗನ್ನು ಎರಡೂ ಕಡೆಗೆ ಪೂರ್ತಿ ತಿರುಗಿಸಿ ಸದ್ದು ಆಲಿಸಬೇಕು. ಬ್ರೇಕ್ ಹೋಸ್ ಎಲ್ಲೂ ಉಜ್ಜುತ್ತಿಲ್ಲ ಎಂಬುದನ್ನು ನೋಡಿಕೊಳ್ಳಬೇಕು. ಬಳಿಕ ಖಾಲಿ ರಸ್ತೆಯಲ್ಲಿ ನಿಧಾನವಾಗಿ ಓಡಿಸಿ ಬ್ರೇಕ್ ಪರೀಕ್ಷಿಸಬೇಕು. ಮುಂದಿನ ಸ್ಟ್ರಟ್ ಬಿಚ್ಚಿದ ಕಾರಿಗೆ ವ್ಹೀಲ್ ಅಲೈನ್‌ಮೆಂಟ್ ಮಾಡಿಸುವುದು ಅನಿವಾರ್ಯ. ಬೋಲ್ಟು ಕೂಲೆಳೆಯಷ್ಟು ಜಾಗ ಬದಲಿಸಿದರೂ ಚಕ್ರದ ಕೋನ ವ್ಯತ್ಯಾಸವಾಗಿ ಟೈರು ಸವೆಯುತ್ತದೆ. ಮನೆಯಲ್ಲಿ ಉಳಿಸಿದ ಕೂಲಿ ಟೈರಿನಲ್ಲಿ ಹೋಗಬಾರದು. ಒಂದು ವಾರದ ಓಡಾಟದ ನಂತರ ಎಲ್ಲ ಬೋಲ್ಟುಗಳನ್ನೂ ಮತ್ತೊಮ್ಮೆ ಪರಿಶೀಲಿಸಬೇಕು.

ಅನಿಲ ತುಂಬಿದ ಹಳೆಯ ಶಾಕ್ ಅಬ್ಸಾರ್ಬರನ್ನು ಕತ್ತರಿಸುವುದಾಗಲಿ ಬೆಂಕಿಗೆ ಹಾಕುವುದಾಗಲಿ ಕೂಡದು. ಗುಜರಿಗೆ ಕೊಡುವಾಗ ಒಳಗೆ ಅನಿಲವಿದೆ ಎಂದು ತಿಳಿಸಿಯೇ ಕೊಡಬೇಕು.

ತುಕ್ಕು ಹಿಡಿದು ತುಂಡಾಗುವ ಬೋಲ್ಟು, ಬಾಗಿದ ನಕಲ್ ಅಥವಾ ಮುರಿದ ಸ್ಪ್ರಿಂಗ್ ಕಂಡುಬಂದಲ್ಲಿ ಕೆಲಸವನ್ನು ಅಲ್ಲಿಗೇ ನಿಲ್ಲಿಸಿ ನುರಿತ ಮೆಕ್ಯಾನಿಕ್‌ನನ್ನು ಕರೆಸುವುದು ವಿವೇಕ. ಉಳಿದಂತೆ, ಮೊದಲ ಬಾರಿ ಈ ಕೆಲಸಕ್ಕೆ ಕೈಹಾಕುವವರು ಒಂದು ಇಡೀ ದಿನವನ್ನು ಮೀಸಲಿಟ್ಟುಕೊಳ್ಳಬೇಕು, ಜೊತೆಗೆ ಇನ್ನೊಬ್ಬರನ್ನು ಇರಿಸಿಕೊಳ್ಳಬೇಕು.