ಡಿಜಿಟಲ್ ನಟರು: ಕನ್ನಡ ಚಿತ್ರರಂಗದಲ್ಲಿ

ಮುಖ, ಮೈ, ದನಿ ಇವುಗಳಲ್ಲಿ ಒಂದನ್ನೋ ಎಲ್ಲವನ್ನೋ ಕಂಪ್ಯೂಟರಿನಲ್ಲಿ ರೂಪಿಸಿ ತೆರೆಗೆ ತಂದ ಪಾತ್ರಧಾರಿಯೇ ಡಿಜಿಟಲ್ ನಟ. ಹಾಸನ, ಮಂಡ್ಯ ಸೀಮೆಯಲ್ಲಿ ತೊಗಲುಗೊಂಬೆಯಾಟ ನೋಡಿದವರಿಗೆ ರೂಪ ಒಂದು ಕಡೆ, ದನಿ ಇನ್ನೊಂದು ಕಡೆ ಇರುವುದು ಹೊಸತೇನಲ್ಲ. ಸಿನಿಮಾದಲ್ಲೂ ಹಿನ್ನೆಲೆ ಗಾಯಕರು, ಕಂಠದಾನ ಕಲಾವಿದರು, ಡ್ಯೂಪ್‌ಗಳು ನಟನ ಕೆಲಸವನ್ನು ಮೊದಲೇ ಹಂಚಿಕೊಂಡಿದ್ದರು.

ಕನ್ನಡದ ಹೆಸರಾಂತ ಪ್ರಯೋಗ ಕೋಡಿ ರಾಮಕೃಷ್ಣ ನಿರ್ದೇಶನದ ‘ನಾಗರಹಾವು’. 2009ರ ಡಿಸೆಂಬರ್ 30ರಂದು ತೀರಿಕೊಂಡ ನಟ ವಿಷ್ಣುವರ್ಧನ್ 2016ರ ಅಕ್ಟೋಬರ್ 14ರಂದು ತೆರೆಕಂಡ ಈ ಚಿತ್ರದಲ್ಲಿ ಮತ್ತೆ ಕಾಣಿಸಿಕೊಂಡರು. ಬೇರೊಬ್ಬ ನಟನ ಮೈಗೆ ಕಂಪ್ಯೂಟರಿನಲ್ಲಿ ರಚಿಸಿದ ಅವರ ತಲೆಯನ್ನು ಜೋಡಿಸಿದ್ದು ಹೈದರಾಬಾದಿನ ಮಕುಟ ಸಂಸ್ಥೆ. 1972ರಲ್ಲಿ ಅವರನ್ನು ನಾಯಕನನ್ನಾಗಿಸಿದ ಪುಟ್ಟಣ್ಣ ಕಣಗಾಲರ ಚಿತ್ರದ ಹೆಸರೂ ಇದೇ. ಕಥೆ ಮಾತ್ರ ಬೇರೆ. ತೀರಿಹೋಗಿದ್ದ ನಟ ಪೀಟರ್ ಕುಶಿಂಗ್ ಅವರನ್ನು ಇದೇ ಬಗೆಯಲ್ಲಿ ತೋರಿಸಿದ ಹಾಲಿವುಡ್ಡಿನ ‘ರೋಗ್ ಒನ್’ ಬಂದದ್ದು ಇದಾದ ಎರಡು ತಿಂಗಳಿಗೆ.

ಮುಖಕ್ಕಿಂತ ದನಿ ಹೆಚ್ಚು ಕಾಡುತ್ತದೆ ಎಂಬುದಕ್ಕೆ ಪುನೀತ್ ರಾಜ್‌ಕುಮಾರ್ ಅವರ ‘ಜೇಮ್ಸ್’ ಸಾಕ್ಷಿ. ಡಬ್ಬಿಂಗ್‌ಗೆ ಮುನ್ನವೇ, 2021ರ ಅಕ್ಟೋಬರ್ 29ರಂದು, ಪುನೀತ್ ನಿಧನರಾದರು. 2022ರ ಮಾರ್ಚ್ 17ರಂದು ಬಿಡುಗಡೆಯಾದ ಚಿತ್ರಕ್ಕೆ ಅಣ್ಣ ಶಿವರಾಜ್‌ಕುಮಾರ್ ದನಿ ಕೊಟ್ಟಿದ್ದರು. ಮುಂದಿನ ತಿಂಗಳು ತಂತ್ರಜ್ಞಾನದ ನೆರವಿನಿಂದ ಪುನೀತರದೇ ದನಿ ಅಳವಡಿಸಿ ಚಿತ್ರವನ್ನು ಮತ್ತೆ ತೆರೆಗೆ ತಂದರು. ತಮ್ಮನ ಬಾಯಲ್ಲಿ ಅಣ್ಣನ ಮಾತು ಕೇಳಿದ್ದವರಿಗೆ ಇದು ಸಣ್ಣ ಬದಲಾವಣೆಯಾಗಿರಲಿಲ್ಲ.

ಕನ್ನಡದ ನಟ ಯಶ್ ರಾವಣನಾಗಿರುವ ನಿತೇಶ್ ತಿವಾರಿ ನಿರ್ದೇಶನದ ‘ರಾಮಾಯಣ’ದ ದೃಶ್ಯಪರಿಣಾಮಗಳ ಹೊಣೆ ಡಿಎನ್‌ಇಜಿ ಸಂಸ್ಥೆಯದು. ಇಂಥ ಚಿತ್ರಗಳಲ್ಲಿ ಕಂಪ್ಯೂಟರ್ ಜೀವಂತ ನಟನ ಜೊತೆಗಾರ. ನಟನೇ ಬೇಡವೆಂಬ ದಾರಿ ಹಿಡಿದದ್ದು ಎಸ್. ನರಸಿಂಹಮೂರ್ತಿ ಅವರ ‘ಲವ್ ಯು’ (2025): ಸುಮಾರು 10 ಲಕ್ಷ ರೂಪಾಯಿ ವೆಚ್ಚದಲ್ಲಿ, ಪಾತ್ರ, ದೃಶ್ಯ, ಹಾಡುಗಳನ್ನು ಕೃತಕ ಬುದ್ಧಿಮತ್ತೆಯಿಂದಲೇ ರೂಪಿಸಿದ ಚಿತ್ರ. ಒಂದೇ ಪಾತ್ರದ ಚಹರೆ ದೃಶ್ಯದಿಂದ ದೃಶ್ಯಕ್ಕೆ ಬದಲಾಗದಂತೆ ಹಿಡಿದಿಡುವುದೇ ಈ ತಂತ್ರಕ್ಕೆ ದೊಡ್ಡ ತೊಡಕು. ಹಳ್ಳಿಯ ನಾಟಕದ ಪಾತ್ರಧಾರಿಗೆ ಅದು ತೊಡಕೇ ಅಲ್ಲ.

ಕಾನೂನು ತಡವಾಗಿ ಎಚ್ಚೆತ್ತಿತು. 2023ರ ಸೆಪ್ಟೆಂಬರಿನಲ್ಲಿ ದೆಹಲಿ ಹೈಕೋರ್ಟ್ ನಟ ಅನಿಲ್ ಕಪೂರ್ ಅವರ ಹೆಸರು, ರೂಪ, ದನಿಗಳ ದುರ್ಬಳಕೆಗೆ ತಡೆ ನೀಡಿತು. ಅದೇ ವರ್ಷ ಅಮೆರಿಕದ ನಟರು 118 ದಿನ ಮುಷ್ಕರ ಹೂಡಿದರು. ಸಣ್ಣಪುಟ್ಟ ಪಾತ್ರದವರ ಮೈಯನ್ನು ಒಮ್ಮೆ ಸ್ಕ್ಯಾನ್ ಮಾಡಿಟ್ಟುಕೊಂಡು ಮತ್ತೆ ಮತ್ತೆ ಬಳಸಬಹುದೆಂಬ ಭಯವೂ ಅದರ ಹಿಂದಿತ್ತು. ಡಿಜಿಟಲ್ ಪ್ರತಿರೂಪಕ್ಕೆ ಒಪ್ಪಿಗೆಯೂ ಸಂಭಾವನೆಯೂ ಬೇಕೆಂಬ ಷರತ್ತು ಕೊನೆಗೆ ಒಪ್ಪಂದಕ್ಕೆ ಸೇರಿತು.