ವಸಂತಸೇನೆಯೂ ರೋಸಿಯೂ

ಶೂದ್ರಕನ ‘ಮೃಚ್ಛಕಟಿಕ’ದಲ್ಲಿ ಗಣಿಕೆ ವಸಂತಸೇನೆ ಬಡ ಬ್ರಾಹ್ಮಣ ಚಾರುದತ್ತನನ್ನು ಪ್ರೀತಿಸಿ, ಕೊನೆಗೆ ವಧುವೆಂಬ ಪದವಿಯನ್ನು ಪಡೆಯುತ್ತಾಳೆ. ಈ ಶೃಂಗಾರ ಪ್ರಕರಣವನ್ನು ಮೋಹನ್ ಭವನಾನಿಯವರು ಮೈಸೂರು ಸೀಮೆಯಲ್ಲಿ ಚಿತ್ರೀಕರಿಸಿದ ‘ವಸಂತಸೇನಾ’ ಮೂಕಿಚಿತ್ರ 1931ರ ಸುಮಾರಿಗೆ ತೆರೆಗೆ ಬಂತು. ಏಣಾಕ್ಷಿ ರಾಮರಾವ್ ನಾಯಕಿ. ಕಮಲಾದೇವಿ ಚಟ್ಟೋಪಾಧ್ಯಾಯ ಮತ್ತು ಟಿ. ಪಿ. ಕೈಲಾಸಂ ಸಹಪಾತ್ರಧಾರಿಗಳು. ರಂಗಭೂಮಿಯಲ್ಲಿ ಗಂಡಸರೇ ಸ್ತ್ರೀವೇಷ ಹಾಕುವ ವಾಡಿಕೆ ಇನ್ನೂ ಬಲವಾಗಿದ್ದ ಕಾಲವದು. ಅಂಥಲ್ಲಿ ವಿದ್ಯಾವಂತ ಮನೆತನಗಳ ಹೆಣ್ಣುಮಕ್ಕಳು ಗಣಿಕೆಯ ಕಥೆಗೆ ಬಣ್ಣ ಹಚ್ಚಿದರು. ಅದರಿಂದ ಅವರ ಮಾನಕ್ಕೇನೂ ಕುಂದು ಬರಲಿಲ್ಲ; ಕಮಲಾದೇವಿಯವರನ್ನು ನಾಡು ಮುಂದೆಯೂ ಗೌರವಿಸಿತು.

ಕೊಚ್ಚಿ, ತಿರುವನಂತಪುರಗಳಲ್ಲಿ ನೆಲೆಸಿರುವ ಕನ್ನಡಿಗರಾದ ನಮಗೆ ಈ ಚಿತ್ರದ ಪಕ್ಕದಲ್ಲಿ ಇಲ್ಲಿನದೇ ಇನ್ನೊಂದು ನೆನಪಾಗುತ್ತದೆ. ಜೆ. ಸಿ. ಡೇನಿಯಲ್ ತಮ್ಮ ಭೂಮಿಯನ್ನು ಮಾರಿ ನಿರ್ಮಿಸಿದ ‘ವಿಗತಕುಮಾರನ್’ ಮಲಯಾಳದ ಮೊದಲ ಚಿತ್ರ. 1928 ಎಂದು ಕೆಲವರು, 1930 ಎಂದು ಕೆಲವರು. ಪ್ರದರ್ಶನವಾದದ್ದು ಮಾತ್ರ ತಿರುವನಂತಪುರದ ಕ್ಯಾಪಿಟಲ್ ಚಿತ್ರಮಂದಿರದಲ್ಲಿ. ಕಥೆ ನಾಟಕದಿಂದ ಬಂದುದಲ್ಲ, ನಾಯಕಿ ನಾಟಕದಿಂದ ಬಂದವಳು. ಪಿ. ಕೆ. ರೋಸಿ ಕಾಕ್ಕಾರಿಶ್ಶಿ ನಾಟಕದಲ್ಲಿ ಅಭಿನಯಿಸುತ್ತಿದ್ದ ದಲಿತ ಹೆಣ್ಣು. ಶಿವಪಾರ್ವತಿಯರೇ ಅಲೆಮಾರಿಗಳಾಗಿ ಭೂಮಿಗಿಳಿದು ಬರುವ ಆ ಆಟದಲ್ಲಿ ಆಕೆಯನ್ನು ಕಂಡು ಯಾರೂ ಕೆರಳಿದಂತಿಲ್ಲ. ತೆರೆಯ ಮೇಲೆ ಅದೇ ರೋಸಿ ನಾಯರ್ ಮನೆತನದ ಸರೋಜಿನಿಯಾದಳು. ನಾಯಕ ಅವಳ ಮುಡಿಯ ಹೂವಿಗೆ ಮುತ್ತಿಟ್ಟ. ಸಭಿಕರು ತೆರೆಗೆ ಕಲ್ಲು ತೂರಿದರು.

ರಂಗದ ಮೇಲೆ ಹಾಡು, ಮಾತು, ವೇಷಗಳ ಮರೆಯಲ್ಲಿ ನಟಿ ತುಸು ದೂರ ನಿಲ್ಲುತ್ತಾಳೆ. ಮೂಕಿಯಲ್ಲಿ ಆ ಮರೆಯಿಲ್ಲ. ಮುಖವೊಂದೇ ಹಿರಿದಾಗಿ ಎದುರಿಗೆ ಬರುತ್ತದೆ. ಕುಲೀನೆ ಗಣಿಕೆಯಾಗುವುದು ಅಭಿನಯವೆನಿಸಿತು, ದಲಿತೆ ಕುಲೀನೆಯಾಗುವುದು ಅಪರಾಧವೆನಿಸಿತು ಎಂದೇ ನಮಗೆ ತೋರುತ್ತದೆ.

ಸಿ. ವಿ. ರಾಮನ್ ಪಿಳ್ಳೆಯವರ ಕಾದಂಬರಿಯಿಂದ 1933ರಲ್ಲಿ ಬಂದ ‘ಮಾರ್ತಾಂಡವರ್ಮ’ದ ಗತಿ ಬೇರೆ. ಕಾದಂಬರಿಯ ಹಕ್ಕು ತಮ್ಮದೆಂದು ಪ್ರಕಾಶಕರು ನ್ಯಾಯಾಲಯಕ್ಕೆ ಹೋದರು, ಪ್ರದರ್ಶನ ನಿಂತಿತು, ಸುರುಳಿಗಳು ಮೂಲೆಗೆ ಸೇರಿದವು. ಆ ವ್ಯಾಜ್ಯದ ಪುಣ್ಯದಿಂದಲೇ ಅವು ಉಳಿದು, 1974ರಲ್ಲಿ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ದೊರೆತವು. ‘ವಿಗತಕುಮಾರನ್’ ಪೂರ್ತಿ ನಷ್ಟವಾಗಿದೆ.

ರೋಸಿ ಲಾರಿಯೊಂದನ್ನು ಹತ್ತಿ ತಮಿಳುನಾಡಿನ ಕಡೆಗೆ ಓಡಿದಳಂತೆ. ಆ ಲಾರಿಯ ಚಾಲಕನನ್ನೇ ಮದುವೆಯಾಗಿ, ರಾಜಮ್ಮಾಳ್ ಎಂಬ ಹೆಸರಿನಿಂದ ಬಾಳಿದಳೆಂದು ಆಕೆಯ ಕಥೆಯನ್ನು ಅರಸಿ ಹೋದವರು ಬರೆದಿದ್ದಾರೆ. ಚಾಲಕ ನಾಯರ್ ಕುಲದವನು.